ಬೆರಕೆ ಸೊಪ್ಪಿನ ಚೀಸ್ ಡಿಪ್ ಒಡೆದದ್ದು ಯಾಕೆ?

ಪ್ರಶ್ನೆ: ನಾನು ಬೆಂಗಳೂರಿನ ಹನುಮಂತನಗರದವಳು. ಅಮೆರಿಕದಲ್ಲಿ ಓದುವ ಮಗಳು ರಜೆಗೆ ಬಂದಿದ್ದಾಳೆ. ಅಲ್ಲಿ ಕಾಡಿನಲ್ಲಿ ಸಿಗುವ ರ‍್ಯಾಂಪ್ಸ್ ಅನ್ನುವ ಸೊಪ್ಪಿನಿಂದ ಬಿಸಿಬಿಸಿ ಚೀಸ್ ಡಿಪ್ ಮಾಡುತ್ತಾರಂತೆ. ಇಲ್ಲೂ ಮಾಡೋಣ ಅಂದಳು. ಆ ಸೊಪ್ಪು ಇಲ್ಲಿ ಸಿಗುವುದಿಲ್ಲ. ಮಳೆ ಶುರುವಾದ ಮೇಲೆ ಗಾಂಧಿ ಬಜಾರಿಗೆ ಬೆರಕೆ ಸೊಪ್ಪು ಬರುತ್ತದಲ್ಲ, ಅದನ್ನೇ ಎರಡು ಕಟ್ಟು ತಂದೆ. ಹೆಚ್ಚಿ ಬೆಣ್ಣೆಯಲ್ಲಿ ಬಾಡಿಸಿ, ಹಾಲು ಹಾಕಿ, ಕುದಿಯುವಾಗ ತುರಿದ ಚೆಡ್ಡಾರ್ ಚೀಸ್ ಸೇರಿಸಿದೆ. ನೋಡನೋಡುತ್ತಲೇ ಒಡೆದುಹೋಯಿತು. ಮೇಲೆ ಎಣ್ಣೆ, ತಳದಲ್ಲಿ ಹಸಿರು ನೀರು, ಮಧ್ಯೆ ರಬ್ಬರಿನಂಥ ಉಂಡೆ. ಬಾಯಿಗೆ ಸ್ವಲ್ಪ ಕಹಿ ಬೇರೆ. ಹಾಲಿಗೂ ಸೊಪ್ಪಿಗೂ ಆಗಿಬರುವುದಿಲ್ಲ, ವಿಷವಾಗುತ್ತದೆ ಅಂತ ಅತ್ತೆ ಎಲ್ಲವನ್ನೂ ಚೆಲ್ಲಿಸಿದರು. ಯಜಮಾನರಿಗೆ ಹಿಂದೆ ಕಿಡ್ನಿ ಕಲ್ಲಾಗಿತ್ತು, ಅವರು ತಿನ್ನಬಹುದಾ? ಮಾವನವರು ರಕ್ತ ತೆಳುವಾಗುವ ಮಾತ್ರೆ ತೆಗೆದುಕೊಳ್ಳುತ್ತಾರೆ. ಪಕ್ಕದ ಮನೆಯವರು ರ‍್ಯಾಂಪ್ಸ್ ಬದಲು ಕಾಡು ಈರುಳ್ಳಿ ಹಾಕಿ ಅಂದರು. ಇನ್ನೊಂದು, ನಮ್ಮ ರಸ್ತೆ ಕೊನೆಯ ಖಾಲಿ ಸೈಟಿನಲ್ಲಿ, ರಾಜಕಾಲುವೆ ಪಕ್ಕ, ಇವೇ ಸೊಪ್ಪುಗಳು ಸೊಂಪಾಗಿ ಬೆಳೆದಿವೆ. ಕಿತ್ತು ತರಬಹುದಾ?

ಉತ್ತರ: ಡಿಪ್ ಯಾಕೆ ಒಡೆಯಿತು, ತಿಂದರೆ ಅಪಾಯವಾ, ಸೊಪ್ಪು ಎಲ್ಲಿಂದ ತರಬೇಕು. ನಿಮ್ಮ ಪತ್ರದ ಸಾರ ಇಷ್ಟು, ಅಲ್ವಾ? ಒಂದೊಂದಾಗಿ ನೋಡೋಣ. ಆದರೆ ಮೊದಲು ಕಾಡು ಈರುಳ್ಳಿಯ ಮಾತು ಮುಗಿಸಬೇಕು. ಉಳಿದದ್ದರಲ್ಲಿ ತಪ್ಪಾದರೆ ಒಂದು ಬಟ್ಟಲು ಚೀಸ್ ಹಾಳು, ಅಷ್ಟೆ. ಇದರಲ್ಲಿ ತಪ್ಪಾದರೆ ಆಸ್ಪತ್ರೆ.

ಕಾಡು ಈರುಳ್ಳಿ ದಯವಿಟ್ಟು ತರಬೇಡಿ. ನಮ್ಮ ಬಯಲುಸೀಮೆಯ ಕಲ್ಲು ನೆಲದಲ್ಲಿ ತಾನಾಗಿ ಬೆಳೆಯುವ ಗಡ್ಡೆ ಅದು. ನೋಡಲು ಈರುಳ್ಳಿಯೇ. ಅದರಲ್ಲಿ ಹೃದಯದ ಬಡಿತದ ಮೇಲೆ ನೇರವಾಗಿ ಕೆಲಸ ಮಾಡುವ ಗ್ಲೈಕೋಸೈಡ್‌ಗಳಿವೆ. ನಾಟಿ ವೈದ್ಯದಲ್ಲಿ ಅದನ್ನು ಬಳಸುತ್ತಾರೆ ನಿಜ. ಆದರೆ ಔಷಧಿ ಅಳತೆಯೇ ಬೇರೆ, ಅಡುಗೆ ಅಳತೆಯೇ ಬೇರೆ. ಜಾಸ್ತಿ ಹೊಟ್ಟೆಗೆ ಹೋದರೆ ವಾಂತಿ, ಭೇದಿ, ಬಡಿತದ ಏರುಪೇರು. ಬೇಯಿಸಿದರೆ ಸರಿಹೋಗುತ್ತದೆ ಅಂತ ನೆಚ್ಚಬೇಡಿ.

ನಿಮ್ಮ ಮಗಳು ಹೇಳಿದ ರ‍್ಯಾಂಪ್ಸ್ ಬೇರೆಯೇ ಗಿಡ. ಅಮೆರಿಕ, ಕೆನಡಾಗಳ ಪೂರ್ವ ಭಾಗದ ಕಾಡುಗಳಲ್ಲಿ, ಮರಗಳು ಚಿಗುರಿ ನೆರಳು ಕವಿಯುವ ಮೊದಲು ಕೆಲವೇ ವಾರ ಸಿಗುತ್ತದೆ, ಹೆಚ್ಚಾಗಿ ಏಪ್ರಿಲ್ ಮೇ ಹೊತ್ತಿಗೆ. ಎಲೆ ಅಗಲ, ವಾಸನೆ ಬೆಳ್ಳುಳ್ಳಿಯದು. ಬೀಜದಿಂದ ಹೂವಿನ ಹಂತಕ್ಕೆ ಬರಲು ಅದಕ್ಕೆ ವರ್ಷಗಟ್ಟಲೆ ಬೇಕು. ಜನ ಮುಗಿಬಿದ್ದು ಕಿತ್ತು ಕಿತ್ತು, ಕೆನಡಾದ ಕ್ವಿಬೆಕ್ ಪ್ರಾಂತ್ಯದಲ್ಲಿ 1995ರಿಂದ ಅದರ ಮಾರಾಟವನ್ನೇ ನಿಷೇಧಿಸಿದ್ದಾರೆ. ನಮಗೆ ಬೇಕಾದದ್ದು ಆ ವಾಸನೆ ಮಾತ್ರ. ಎಳೆ ಈರುಳ್ಳಿ ಸೊಪ್ಪು ಒಂದು ಹಿಡಿ, ಬೆಳ್ಳುಳ್ಳಿ ನಾಲ್ಕೈದು ಎಸಳು ಬೆಣ್ಣೆಯಲ್ಲಿ ನಿಧಾನಕ್ಕೆ ಬಾಡಿಸಿದರೆ ಅದು ಬಂದೇ ಬರುತ್ತದೆ. ಉಳಿದ ಹಸಿರನ್ನು ನಮ್ಮ ಬೆರಕೆ ಸೊಪ್ಪು ಕೊಡುತ್ತದೆ. ನಿಮ್ಮ ಆಯ್ಕೆ ಚೆನ್ನಾಗಿಯೇ ಇತ್ತು.

ಈಗ ಒಡೆದ ಕಥೆಗೆ ಬರೋಣ. ನನ್ನ ಕೆಲಸ ಹಾಲು, ಚೀಸ್‌ಗಳ ತಂತ್ರಜ್ಞಾನದ್ದು. ಹಾಗಾಗಿ ಈ ಭಾಗ ಸ್ವಲ್ಪ ಉದ್ದವಾದರೆ ಸಹಿಸಿಕೊಳ್ಳಿ.

ನೀವು ಬರೆದ ಕ್ರಮವನ್ನೇ ಇನ್ನೊಮ್ಮೆ ಓದಿ. ಸೊಪ್ಪನ್ನು ಹಸಿಯಾಗಿಯೇ ಬೆಣ್ಣೆಗೆ ಹಾಕಿದ್ದೀರಿ, ಮೇಲೆ ಹಾಲು ಸುರಿದಿದ್ದೀರಿ, ಕುದಿಯುವಾಗ ಚೀಸ್ ಹಾಕಿದ್ದೀರಿ. ಹುಳಿ, ನೀರು, ಕುದಿ ಮೂರೂ ಒಟ್ಟಿಗೆ ಸೇರಿವೆ. ಒಂದಿದ್ದರೂ ಡಿಪ್ ಕೈಕೊಡಬಹುದು.

ಹುಳಿ ಎಲ್ಲಿಂದ ಬಂತು ಅಂತೀರಾ? ಬೆರಕೆ ಕಟ್ಟಿನಿಂದಲೇ. ಬಿಚ್ಚಿ ಹರಡಿ ನೋಡಿ. ಅಣ್ಣೆ ಸೊಪ್ಪು, ಕೀರೆ, ಹೊನಗೊನೆ, ಕನ್ನೆ ಸೊಪ್ಪು, ಗಣಿಕೆ, ಇವೆಲ್ಲ ಇರುತ್ತವೆ. ಇವು ಹಾಲಿಗೆ ತೊಂದರೆ ಮಾಡುವುದಿಲ್ಲ. ಇವುಗಳ ಮಧ್ಯೆ ದಪ್ಪ ದಪ್ಪ ಪುಟ್ಟ ಎಲೆಯ, ಕೆಂಪು ದಂಟಿನ, ನೆಲಕ್ಕೆ ಹಬ್ಬಿಕೊಂಡು ಬೆಳೆಯುವ ಗೋಣಿ ಸೊಪ್ಪು ಇರುತ್ತದೆ. ಒಮ್ಮೊಮ್ಮೆ ಮೂರೆಲೆಯ ಹುಳಿಸೊಪ್ಪೂ ಸೇರಿರುತ್ತದೆ. ಈ ಎರಡೂ ಹುಳಿ. ಉಪ್ಪುಸಾರಿಗೆ, ಮಸ್ಸೊಪ್ಪಿಗೆ ಆ ಹುಳಿಯೇ ರುಚಿ. ಹಾಲಿಗೆ ಮಾತ್ರ ಅದು ಆಗದು.

ಗೋಣಿ ಸೊಪ್ಪಿನದು ಇನ್ನೊಂದು ವಿಚಿತ್ರ ಇದೆ. ನೀರಿನ ಕೊರತೆ ಬಂದಾಗ ಈ ಗಿಡ ಹಗಲು ಎಲೆಯ ರಂಧ್ರ ಮುಚ್ಚಿಕೊಂಡು, ರಾತ್ರಿ ಹೊತ್ತು ಗಾಳಿಯಿಂದ ಇಂಗಾಲದ ಡೈಆಕ್ಸೈಡ್ ಹೀರಿ ಮ್ಯಾಲಿಕ್ ಆಮ್ಲದ ರೂಪದಲ್ಲಿ ಕೂಡಿಡುತ್ತದೆ. ಹಗಲು ಬಿಸಿಲಿನಲ್ಲಿ ಅದನ್ನು ಖರ್ಚು ಮಾಡುತ್ತದೆ. ಹಾಗಾಗಿ ಬೆಳಗಿನ ಜಾವ ಕಿತ್ತ ಗೋಣಿ ಸೊಪ್ಪು ಸಂಜೆ ಕಿತ್ತದ್ದಕ್ಕಿಂತ ಹುಳಿ. ಪೇಟೆಗೆ ಬರುವ ಸೊಪ್ಪು ಸಾಮಾನ್ಯವಾಗಿ ಕತ್ತಲಿರುವಾಗಲೇ ಕಿತ್ತದ್ದು. ಮಳೆ ನಾಲ್ಕು ದಿನ ಕೈಕೊಟ್ಟ ವಾರ ತಂದ ಸೊಪ್ಪಾದರೆ ಕೇಳುವುದೇ ಬೇಡ.

ಹಾಲಿನ ಹುಳಿಯ ಮಟ್ಟ ಪಿಎಚ್ ಅಳತೆಯಲ್ಲಿ ಸುಮಾರು 6.6. ಹುಳಿ ಹೆಚ್ಚಿದಷ್ಟೂ ಈ ಅಂಕಿ ಇಳಿಯುತ್ತದೆ. ಅದು 4.6ಕ್ಕೆ ಇಳಿದರೆ ಹಾಲಿನ ಮುಖ್ಯ ಪ್ರೋಟೀನ್ ಕೇಸಿನ್ ಗಟ್ಟಿಯಾಗಿ ಕೂರುತ್ತದೆ. ಮೊಸರು ಹೆಪ್ಪುಗಟ್ಟುವುದು ಹೀಗೆ. ಆದರೆ ಹಾಲು ಬಿಸಿ ಇದ್ದರೆ ಅಷ್ಟು ಕೆಳಗೆ ಇಳಿಯುವವರೆಗೆ ಕಾಯುವುದಿಲ್ಲ, ಮೊದಲೇ ಒಡೆಯುತ್ತದೆ. ಪನೀರ್ ಮಾಡಲು ಕುದಿಹಾಲಿಗೆ ನಿಂಬೆರಸ ಹಿಂಡುವುದು ಇದೇ ಕಾರಣಕ್ಕೆ. ನೀವು ಗೊತ್ತಿಲ್ಲದೆ ಗೋಣಿ ಸೊಪ್ಪಿನಿಂದ ಅರ್ಧಂಬರ್ಧ ಪನೀರ್ ಮಾಡಿದ್ದೀರಿ.

ಎರಡನೆಯದು ಕುದಿ. ಚೀಸ್ ಅಂದರೆ ಕೇಸಿನ್ ಬಲೆ. ಬಲೆಯ ಎಳೆಗಳನ್ನು ಕಟ್ಟಿಹಾಕಿರುವುದು ಕ್ಯಾಲ್ಸಿಯಂ, ಒಳಗೆ ಸಿಕ್ಕಿಕೊಂಡಿರುವುದು ಕೊಬ್ಬು ಮತ್ತು ನೀರು. ಕೈ ಬಿಸಿಗೇ ಕೊಬ್ಬು ಕರಗುತ್ತದೆ. 60-65 ಡಿಗ್ರಿ ಹೊತ್ತಿಗೆ ಬಲೆ ಸಡಿಲವಾಗಿ ಚೀಸ್ ಹರಿಯುತ್ತದೆ. ನಮಗೆ ಬೇಕಾದ ಜಾಗ ಅದೇ. ಅಲ್ಲಿಗೆ ನಿಲ್ಲಿಸದೆ ಕುದಿಯುವವರೆಗೆ ಕಾಯಿಸಿದರೆ ಎಳೆಗಳು ಮತ್ತೆ ಬಿಗಿದುಕೊಳ್ಳುತ್ತವೆ. ಒಳಗಿನ ಕೊಬ್ಬು, ನೀರು ಎರಡನ್ನೂ ಹಿಂಡಿ ಹೊರಹಾಕುತ್ತವೆ. ನೀವು ಕಂಡ ಮೇಲಿನ ಎಣ್ಣೆ, ಮಧ್ಯದ ರಬ್ಬರ್ ಉಂಡೆ ಎರಡಕ್ಕೂ ಕಾರಣ ಇದು. ಚೆಡ್ಡಾರ್ ಹಳೆಯದಾದಷ್ಟೂ ಈ ರಂಪ ಜಾಸ್ತಿ.

ಮೂರನೆಯದು ನೀರು. ಸೊಪ್ಪಿನ ತೂಕದಲ್ಲಿ ನೂರಕ್ಕೆ 85-90 ಭಾಗ ಬರೀ ನೀರು. ಬಾಣಲೆಯಲ್ಲಿ ಬಾಡಿಸಿದಾಗ ಅದೆಲ್ಲ ಆವಿಯಾಗಿದೆ ಅನಿಸುತ್ತದೆ. ಆಗಿರುವುದಿಲ್ಲ. ಉಪ್ಪು ಬಿದ್ದ ಮೇಲೆ, ಚೀಸಿನ ಉಪ್ಪೂ ಸೇರಿ, ಎಲೆ ಮತ್ತೆ ನೀರು ಬಿಡುತ್ತಲೇ ಇರುತ್ತದೆ. ತಳದ ಹಸಿರು ನೀರು ಅದು. ಕಹಿ ಬಂದದ್ದು ಬಲಿತ ಗಣಿಕೆ ಎಲೆಯಿಂದ ಇರಬೇಕು. ಅದಕ್ಕೂ ಚೀಸಿಗೂ ಸಂಬಂಧವಿಲ್ಲ.

ಇನ್ನು ಅತ್ತೆಯವರ ಮಾತು. ಅದನ್ನು ಸುಮ್ನೆ ತಳ್ಳಿಹಾಕುವ ಹಾಗಿಲ್ಲ. ಆಯುರ್ವೇದದ ವಿರುದ್ಧ ಆಹಾರದ ಪಟ್ಟಿಯಲ್ಲಿ ಹಾಲಿನ ಜೊತೆ ಹುಳಿ ಪದಾರ್ಥ, ಮೀನು, ಕೆಲವು ಸೊಪ್ಪುಗಳು ಬರುತ್ತವೆ. ಹಳೆಯ ಅಡುಗೆಮನೆಗಳಲ್ಲಿ ಆ ಮಾತು ಹಾಗೇ ಉಳಿದುಬಂದಿದೆ. ಆದರೆ ಹಾಲು, ಸೊಪ್ಪು ಸೇರಿ ವಿಷ ಹುಟ್ಟುತ್ತದೆ ಅನ್ನುವುದು ನಿಜವಲ್ಲ. ಒಡೆದ ಹಾಲು ವಿಷವಾಗಿದ್ದರೆ ಪನೀರ್ ತಿಂದವರು ಯಾರೂ ಉಳಿಯುತ್ತಿರಲಿಲ್ಲ. ಒಂದೆಲಗದ ತಂಬುಳಿಯಲ್ಲಿ ಸೊಪ್ಪು, ಮಜ್ಜಿಗೆ ಎರಡೂ ಇವೆ. ಪಾಲಕ್ ಪನೀರ್ ಅಂತೂ ನಮ್ಮ ದರ್ಶಿನಿಗಳವರೆಗೂ ಬಂದಾಗಿದೆ. ನಿಮ್ಮ ಮನೆಯಲ್ಲಿ ಚೆಲ್ಲಿದ ಆ ಬಟ್ಟಲು ನೋಡಲು ಚೆನ್ನಾಗಿರಲಿಲ್ಲ, ಅಷ್ಟೆ. ತಿಂದಿದ್ದರೆ ಏನೂ ಆಗುತ್ತಿರಲಿಲ್ಲ. ಹಾಲು ಜೀರ್ಣವಾಗದವರಿಗೆ ಹೊಟ್ಟೆ ಉಬ್ಬರಿಸಬಹುದು, ಆದರೆ ಅದಕ್ಕೆ ಸೊಪ್ಪು ಹೊಣೆಯಲ್ಲ.

ಯಜಮಾನರ ಕಲ್ಲಿನ ವಿಷಯದಲ್ಲಿ ಜನ ನಂಬಿರುವುದು ಪೂರ್ತಿ ಉಲ್ಟಾ. ಸೊಪ್ಪಿನಲ್ಲಿ ಆಕ್ಸಲೇಟ್ ಅನ್ನುವ ಲವಣ ಇದೆ, ಚೀಸಿನಲ್ಲಿ ಕ್ಯಾಲ್ಸಿಯಂ ಇದೆ, ಎರಡೂ ಸೇರಿದರೆ ಹೊಟ್ಟೆಯಲ್ಲೇ ಕಲ್ಲು ಅಂತ ಹೇಳುತ್ತಾರೆ. ಕಿಡ್ನಿ ಕಲ್ಲುಗಳಲ್ಲಿ ಹೆಚ್ಚಿನವು ಕ್ಯಾಲ್ಸಿಯಂ ಆಕ್ಸಲೇಟ್‌ನವೇ, ಅದು ಸರಿ. ಆದರೆ ಇವೆರಡು ಕರುಳಿನಲ್ಲಿ ಸೇರಿಕೊಂಡರೆ ಆ ಆಕ್ಸಲೇಟ್ ರಕ್ತಕ್ಕೆ ಹೋಗದೆ ಮಲದಲ್ಲಿ ಹೊರಗೆ ಹೋಗುತ್ತದೆ. ಕಿಡ್ನಿ ತನಕ ಮುಟ್ಟುವುದು ಕಡಿಮೆಯಾಗುತ್ತದೆ. ಆದ್ದರಿಂದಲೇ ಕಲ್ಲಾದವರಿಗೆ ಊಟದ ಜೊತೆ ಹಾಲಿನ ಪದಾರ್ಥ ಬಿಡಬೇಡಿ ಅಂತ ವೈದ್ಯರು ಹೇಳುವುದು. ನಿಜವಾದ ತೊಂದರೆ ಇರುವುದು ಎರಡು ಕಡೆ. ಒಂದು, ಸೊಪ್ಪನ್ನು ಬೇಯಿಸಿದ ನೀರಿನ ಸಮೇತ ತಿನ್ನುವುದು. ಕರಗುವ ಆಕ್ಸಲೇಟ್‌ನ ಒಳ್ಳೆಯ ಪಾಲು ಆ ನೀರಿಗೆ ಇಳಿದಿರುತ್ತದೆ. ಇನ್ನೊಂದು ಉಪ್ಪು. ಉಪ್ಪು ಜಾಸ್ತಿಯಾದರೆ ಮೂತ್ರದಲ್ಲಿ ಕ್ಯಾಲ್ಸಿಯಂ ಜಾಸ್ತಿ ಹೋಗುತ್ತದೆ, ಚೀಸ್ ಮೊದಲೇ ಉಪ್ಪು. ಅವರಿಗೆ ಎರಡು ಮೂರು ಚಮಚ ಡಿಪ್ ಸಾಕು, ಜೊತೆಗೆ ನೀರು ಚೆನ್ನಾಗಿ ಕುಡಿಯಲಿ. ಗೋಣಿ ಸೊಪ್ಪು, ಕೀರೆ ಎರಡರಲ್ಲೂ ಆಕ್ಸಲೇಟ್ ಹೆಚ್ಚು. ಗೋಣಿಯನ್ನು ಡಿಪ್ ಒಡೆಯದಿರಲಿ ಅಂತ ಹೇಗೂ ತೆಗೆದಿಡುತ್ತೀರಿ, ಅವರ ಪಾಲಿಗೆ ಕೀರೆಯನ್ನೂ ಕಡಿಮೆ ಮಾಡಿ. ಅವರ ಕಲ್ಲು ಯಾವ ಬಗೆಯದು ಅಂತ ಹಳೆಯ ರಿಪೋರ್ಟಿನಲ್ಲಿ ನೋಡಿಕೊಳ್ಳಿ. ಯೂರಿಕ್ ಆಮ್ಲದ ಕಲ್ಲಾಗಿದ್ದರೆ ಈ ಲೆಕ್ಕವೇ ಬೇರೆ.

ಖಾಲಿ ಸೈಟಿನ ಪ್ರಶ್ನೆಗೆ ನನ್ನ ಉತ್ತರ ಒಂದೇ ಮಾತು: ಬೇಡ.

ನಿಮ್ಮ ಪತ್ರದಲ್ಲಿ ನನಗೆ ಹೆದರಿಕೆಯಾದದ್ದು ಹಾಲು ಒಡೆದದ್ದಕ್ಕಲ್ಲ, ಈ ಸಾಲಿಗೆ. ಎಲೆ ತರಕಾರಿಗಳು ಮಣ್ಣಿನಿಂದ, ಕೊಳಚೆ ನೀರಿನಿಂದ ಸೀಸ, ಕ್ಯಾಡ್ಮಿಯಂನಂಥ ಲೋಹಗಳನ್ನು ಎಳೆದುಕೊಳ್ಳುತ್ತವೆ. ಹಣ್ಣು, ಕಾಯಿಗಿಂತ ಎಲೆಯಲ್ಲಿ ಇವು ಹೆಚ್ಚು ಕೂಡಿಕೊಳ್ಳುತ್ತವೆ. ಒಳಗೆ ಸೇರಿದ ಲೋಹ ಎಷ್ಟು ತೊಳೆದರೂ ಹೋಗುವುದಿಲ್ಲ, ಬೇಯಿಸಿದರೂ ಹೋಗುವುದಿಲ್ಲ, ಉಪ್ಪುನೀರಿಗೂ ಅರಿಶಿನಕ್ಕೂ ಜಗ್ಗುವುದಿಲ್ಲ. ನಮ್ಮ ಊರಿನ ಕಾಲುವೆಗಳಲ್ಲಿ ಹರಿಯುವುದು ಏನು ಅಂತ ನಿಮಗೆ ನಾನು ಹೇಳಬೇಕಾಗಿಲ್ಲ. 2015ರಲ್ಲಿ, ಆಮೇಲೆ 2017, 2018ರಲ್ಲಿ ಬೆಳ್ಳಂದೂರು ಕೆರೆಗೇ ಬೆಂಕಿ ಹತ್ತಿಕೊಂಡಿತ್ತು. ನೀರಿನಂಚು ಅಂದರೆ ಹೊನಗೊನೆಗೆ ಬಲು ಇಷ್ಟ. ಅದರದೇ ಜಾತಿಯ ಇನ್ನೊಂದು ಕಳೆ ನಮ್ಮ ಕೊಳಕು ಕೆರೆಗಳ ಮೇಲೆ ಚಾಪೆಯಂತೆ ಹಬ್ಬಿದೆ. ಗೊತ್ತಿಲ್ಲದವರ ಕಣ್ಣಿಗೆ ಎರಡೂ ಒಂದೇ. ಖಾಲಿ ಸೈಟುಗಳ ಕಥೆ ಇನ್ನೊಂದು ಬಗೆ. ಕೆಡವಿದ ಮನೆಗಳ ಅವಶೇಷ, ಹಳೆ ಬಣ್ಣದ ಸಿಪ್ಪೆ, ಬ್ಯಾಟರಿ ಚೂರು, ಯಾರೋ ಹೊಡೆದ ಕಳೆನಾಶಕ. ಅಲ್ಲಿ ಸೊಪ್ಪು ಸೊಂಪಾಗಿದೆ ಅಂದರೆ ಅದಕ್ಕೆ ಸಾರಜನಕ ಚೆನ್ನಾಗಿ ಸಿಕ್ಕಿದೆ ಅಂತ ಮಾತ್ರ ಅರ್ಥ. ಕೊಳಚೆಯಲ್ಲಿ ಅದಕ್ಕೇನು ಬರ!

ಪೇಟೆಯಲ್ಲಿ ಕೊಳ್ಳುವಾಗಲೂ ಎಲ್ಲಿಂದ ತಂದಿರಿ ಅಂತ ಒಂದು ಮಾತು ಕೇಳಿ. ಮಾಗಡಿ, ಕನಕಪುರ, ಹೊಸಕೋಟೆ ಕಡೆಯ ಹೊಲದಿಂದ ತರುವವರು ಊರ ಹೆಸರು, ಯಾವ ಹೊಲ, ರಾಗಿ ಹೊಲವಾ ಅವರೆ ಹೊಲವಾ ಅಂತ ತಾವಾಗಿಯೇ ಹೇಳುತ್ತಾರೆ. ಇಲ್ಲೇ ಎಲ್ಲೋ ಪಕ್ಕದಲ್ಲಿ ಅಂದರೆ ಮುಂದಿನ ಬುಟ್ಟಿಗೆ ಹೋಗಿ. ಹೊನಗೊನೆಯ ದಂಟು ಮುರಿದು ನೋಡಿ. ದಪ್ಪಗಿದ್ದು ಒಳಗೆ ಕೊಳವೆಯಂತೆ ಟೊಳ್ಳಾಗಿದ್ದರೆ ಅದು ಕೆರೆಯದು ಅಂತ ಅನುಮಾನ ಪಡಿ.

ಮನೆಗೆ ತಂದ ಮೇಲೆ ಕಟ್ಟನ್ನು ಹಾಗೇ ಹೆಚ್ಚಬೇಡಿ. ಬಿಳಿ ಬಟ್ಟೆಯ ಮೇಲೆ ಹರಡಿ, ನಿಮಗೆ ಹೆಸರು ಗೊತ್ತಿಲ್ಲದ ಗಿಡ ಒಂದೊಂದನ್ನೂ ಆಚೆ ಇಡಿ. ಉಮ್ಮತ್ತಿಯ ಎಳೆ ಗಿಡ ಬೇರೆ ಸೊಪ್ಪಿನ ಜೊತೆ ಸೇರಿಬರುವುದುಂಟು, ಅದು ನಿಜವಾದ ವಿಷ. ಬಾಯಿ ಒಣಗುವುದು, ಕಣ್ಣಿನ ಪಾಪೆ ಅಗಲವಾಗುವುದು, ಅಡ್ಡಾದಿಡ್ಡಿ ಮಾತು, ಇವು ಅದರ ಗುರುತು. ಹಾಗೇನಾದರೂ ಕಂಡರೆ ಮನೆಮದ್ದು ಮಾಡುತ್ತಾ ಕೂರದೆ ಆಸ್ಪತ್ರೆಗೆ ಹೋಗಿ. ಉಮ್ಮತ್ತಿ ಎಲೆಯನ್ನು ಉಜ್ಜಿದರೆ ಕೆಟ್ಟ ನಾತ ಹೊಡೆಯುತ್ತದೆ. ಗಣಿಕೆಯಲ್ಲಿ ಹಸಿರು ಕಾಯಿ ಇದ್ದರೆ ಕಿತ್ತು ಬಿಸಾಡಿ, ಕಾಯಿಯಲ್ಲಿ ಸೋಲನಿನ್ ಅನ್ನುವ ವಿಷ ಇರುತ್ತದೆ, ಎಳೆ ಎಲೆ ಬೇಯಿಸಿ ತಿಂದರೆ ತೊಂದರೆಯಿಲ್ಲ. ಗೋಣಿ ಸೊಪ್ಪು, ಹುಳಿಸೊಪ್ಪು ಬೇರೆ ಪಾತ್ರೆಗೆ ಹಾಕಿ. ಸಂಜೆ ಮಸ್ಸೊಪ್ಪು ಮಾಡಿ, ಬಿಸಾಡಬೇಡಿ.

ಇಷ್ಟಾದರೆ ಅರ್ಧ ಕೆಲಸ ಮುಗಿದ ಹಾಗೆ. ಉಳಿದ ಸೊಪ್ಪನ್ನು ಮೂರು ನಾಲ್ಕು ನೀರಿನಲ್ಲಿ ತೊಳೆಯಿರಿ, ಮಳೆಗಾಲದ ಮಣ್ಣು ಎಲೆಯ ಕಂಕುಳಲ್ಲಿ ಕೂತಿರುತ್ತದೆ. ದೊಡ್ಡ ಪಾತ್ರೆಯಲ್ಲಿ ನೀರು ಕುದಿಸಿ, ಸೊಪ್ಪು ಹಾಕಿ, ಮುಚ್ಚದೆ ಮೂರು ನಾಲ್ಕು ನಿಮಿಷ ಬೇಯಿಸಿ. ಬಸಿದು ತಣ್ಣೀರಿಗೆ ಹಾಕಿ, ಆಮೇಲೆ ಹಿಂಡಿ. ಹಿಂಡುವುದು ಅಂದರೆ ಬಟ್ಟೆಯಲ್ಲಿ ಕಟ್ಟಿ, ತಿರುಚಿ, ಇನ್ನು ಒಂದು ಹನಿಯೂ ಬೀಳದ ಹಾಗೆ ಹಿಂಡಬೇಕು. ಎರಡು ದೊಡ್ಡ ಕಟ್ಟು ಒಂದು ಮುಷ್ಟಿಯಷ್ಟಾಗುತ್ತದೆ. ಅಯ್ಯೋ ಇಷ್ಟೇನಾ ಅನಿಸಬೇಕು, ಅಷ್ಟು. ಬಸಿದ ನೀರಿನಲ್ಲಿ ಬಸ್ಸಾರು ಮಾಡಬಹುದು, ಯಜಮಾನರಿಗೆ ಮಾತ್ರ ಬಡಿಸಬೇಡಿ. ಹಿಂಡಿದ ಸೊಪ್ಪನ್ನು ನುಣ್ಣಗೆ ಹೆಚ್ಚಿ ಒಂದು ಚಿಟಿಕೆ ಬಾಯಿಗೆ ಹಾಕಿ ನೋಡಿ. ಇನ್ನೂ ಹುಳಿ ತಾಗುತ್ತಿದ್ದರೆ ಡಿಪ್‌ಗೆ ಬೇಡ. ಸೋಡಾ ಹಾಕಿದರೆ ಹುಳಿ ಸಾಯುತ್ತದೆ ನಿಜ, ಆದರೆ ಸೊಪ್ಪು ಲೋಳೆಯಾಗಿ, ಸೋಪಿನ ರುಚಿ ಬಂದು ಇನ್ನೊಂದು ತಲೆನೋವು.

ಈಗ ಚೀಸ್. ದಾರಿ ಮೂರಿವೆ, ಮೂರರಲ್ಲೂ ಒಂದೊಂದು ಕೊಕ್ಕೆ ಇದೆ.

ಮೊದಲನೆಯದು ವೈಟ್ ಸಾಸ್. 25 ಗ್ರಾಂ ಬೆಣ್ಣೆಯಲ್ಲಿ ಬೆಳ್ಳುಳ್ಳಿ, ಈರುಳ್ಳಿ ಸೊಪ್ಪು ಬಾಡಿಸಿ, 25 ಗ್ರಾಂ ಮೈದಾ ಹಾಕಿ ಹಸಿ ವಾಸನೆ ಹೋಗುವವರೆಗೆ ಹುರಿಯಿರಿ, ಬಣ್ಣ ಬರಬಾರದು. 300 ಮಿಲಿಲೀಟರ್ ಹಾಲನ್ನು ಸ್ವಲ್ಪ ಸ್ವಲ್ಪವೇ ಸೇರಿಸಿ ತಿರುವುತ್ತಾ ಕುದಿಸಿ. ಕುದಿಸುವ ಕೆಲಸವೆಲ್ಲ ಇಲ್ಲಿಗೆ ಮುಗಿಯಬೇಕು. ಹಿಂಡಿದ ಸೊಪ್ಪು ಸೇರಿಸಿ, ಒಲೆ ಆರಿಸಿ, ಎರಡು ನಿಮಿಷ ಬಿಡಿ. ಆಮೇಲೆ 150 ಗ್ರಾಂ ತುರಿದ ಚೀಸನ್ನು ಒಂದೊಂದೇ ಹಿಡಿ ಹಾಕುತ್ತಾ ಕರಗಿಸಿ. ಪಿಷ್ಟದ ಕಣಗಳು ಹಿಗ್ಗಿ ಪ್ರೋಟೀನ್ ಎಳೆಗಳ ಮಧ್ಯೆ ನಿಂತುಬಿಡುತ್ತವೆ, ಅವು ಒಂದಕ್ಕೊಂದು ಅಂಟಿ ಬಿಗಿಯಲು ಬಿಡುವುದಿಲ್ಲ. ಮಜ್ಜಿಗೆ ಹುಳಿಗೆ ನೆನೆಸಿದ ಕಡಲೆಬೇಳೆ ರುಬ್ಬಿ ಹಾಕುತ್ತೀರಲ್ಲ, ಕುದಿದರೂ ಮಜ್ಜಿಗೆ ಒಡೆಯದಿರುವುದು ಇದೇ ಉಪಾಯದಿಂದ. ಕೊಕ್ಕೆ ಏನೆಂದರೆ, ಹಿಟ್ಟು ಜಾಸ್ತಿಯಾದರೆ ಚೀಸಿನ ರುಚಿ ಮಂಕಾಗುತ್ತದೆ, ಆರಿದ ಮೇಲೆ ಅಂಟಿನ ಹಾಗೆ ಗಟ್ಟಿಯಾಗುತ್ತದೆ. ಪ್ಯಾಕೆಟ್‌ನಲ್ಲಿ ತುರಿದೇ ಬರುವ ಚೀಸ್ ಬಿಟ್ಟು ಗಡ್ಡೆ ತಂದು ನೀವೇ ತುರಿಯಿರಿ. ತುರಿದದ್ದು ಅಂಟಿಕೊಳ್ಳದಿರಲಿ ಅಂತ ಅದಕ್ಕೆ ಪುಡಿ ಬೆರೆಸಿರುತ್ತಾರೆ, ಡಿಪ್ ಮರಳು ಮರಳಾಗುತ್ತದೆ.

ಎರಡನೆಯದು ನಾನು ನಂಬುವ ದಾರಿ. 1911ರಲ್ಲಿ ಸ್ವಿಟ್ಜರ್ಲೆಂಡಿನ ಥೂನ್ ಊರಿನ ವಾಲ್ಟರ್ ಗರ್ಬರ್, ಫ್ರಿಟ್ಸ್ ಸ್ಟೆಟ್ಲರ್ ಇಬ್ಬರೂ ಸೇರಿ ಎಮೆಂಟಾಲ್ ಚೀಸಿಗೆ ಸೋಡಿಯಂ ಸಿಟ್ರೇಟ್ ಅನ್ನುವ ಒಂದು ಬಗೆಯ ಉಪ್ಪು ಹಾಕಿ ಕರಗಿಸಿದರು. ಸಿಟ್ರೇಟ್ ಆ ಕೇಸಿನ್ ಬಲೆಯ ಕ್ಯಾಲ್ಸಿಯಂ ಅನ್ನು ಕಸಿದುಕೊಂಡು ಸೋಡಿಯಂ ಬಿಟ್ಟುಕೊಡುತ್ತದೆ. ಆಗ ಬಿಡುಗಡೆಯಾದ ಕೇಸಿನ್ ತಾನೇ ಕೊಬ್ಬು, ನೀರು ಎರಡನ್ನೂ ಹಿಡಿದಿಡುತ್ತದೆ. ಅಲ್ಲಿಂದ ಹುಟ್ಟಿದ್ದು ಪ್ರೊಸೆಸ್ಡ್ ಚೀಸ್. ಅಮೆರಿಕದಲ್ಲಿ ಜೇಮ್ಸ್ ಕ್ರಾಫ್ಟ್ 1916ರಲ್ಲಿ ತನ್ನ ವಿಧಾನಕ್ಕೆ ಪೇಟೆಂಟ್ ಪಡೆದ. ನಮ್ಮ ಅಂಗಡಿಗಳಲ್ಲಿ ಸಿಗುವ ಅಮೂಲ್, ನಂದಿನಿ ಕ್ಯೂಬ್‌ಗಳು ಇದೇ ವಂಶ. ಪ್ರೊಸೆಸ್ಡ್ ಅಂದ ಕೂಡಲೇ ಪ್ಲಾಸ್ಟಿಕ್ ಅಂತ ಮೂಗು ಮುರಿಯುವವರಿದ್ದಾರೆ. ಅದು ಪ್ಲಾಸ್ಟಿಕ್ ಅಲ್ಲ, ಚೀಸನ್ನು ಉಪ್ಪಿನ ಜೊತೆ ಕರಗಿಸಿ ಕೂರಿಸಿದ್ದು. ಅನುಮಾನ ಪಡಬೇಕಾದದ್ದು ಹಾಲಿನ ಕೊಬ್ಬಿನ ಬದಲು ತಾಳೆ ಎಣ್ಣೆ ತುಂಬಿದ ಅಗ್ಗದ ಸರಕನ್ನು. ಪ್ಯಾಕೆಟ್ ತಿರುಗಿಸಿ ಪದಾರ್ಥಗಳ ಪಟ್ಟಿ ಓದಿ. ಖಾದ್ಯ ತೈಲ ಅಂತ ಬರೆದಿದ್ದರೆ ವಾಪಸ್ ಇಡಿ.

ನಿಮಗೆ ಬೇಕಾದ ಉಪಾಯ ಇಷ್ಟೆ: ಮೂರು ಪಾಲು ಚೆಡ್ಡಾರ್‌ಗೆ ಒಂದು ಪಾಲು ಪ್ರೊಸೆಸ್ಡ್ ಚೀಸ್ ಸೇರಿಸಿ. ಅದರೊಳಗಿನ ಉಪ್ಪುಗಳು ಚೆಡ್ಡಾರ್ ಅನ್ನೂ ಕಾಯುತ್ತವೆ. ಹಾಲು ಅರ್ಧ ಲೋಟ ಬಿಸಿಮಾಡಿ, ಕುದಿಯುವ ಮೊದಲೇ ಪ್ರೊಸೆಸ್ಡ್ ಚೀಸ್ ಕರಗಿಸಿ, ಆಮೇಲೆ ಚೆಡ್ಡಾರ್, ಕೊನೆಗೆ ಸೊಪ್ಪು. ಹಿಟ್ಟು ಬೇಡವೇ ಬೇಡ. ಮಗಳಿಗೆ ಪ್ರೊಸೆಸ್ಡ್ ಬೇಡ ಅನಿಸಿದರೆ ಬೇಕಿಂಗ್ ಸಾಮಾನಿನ ಅಂಗಡಿಯಲ್ಲಿ ತಿನ್ನುವ ದರ್ಜೆಯ ಸೋಡಿಯಂ ಸಿಟ್ರೇಟ್ ಕೇಳಿ, ಚೀಸಿನ ತೂಕದ ನೂರಕ್ಕೆ 2ರಿಂದ 3 ಭಾಗ ಹಾಕಿ. 200 ಗ್ರಾಂ ಚೀಸಿಗೆ 4ರಿಂದ 6 ಗ್ರಾಂ ಆಯಿತು. ಈ ದಾರಿಯ ಕೊಕ್ಕೆ ಸೋಡಿಯಂ. ಬೇರೆ ಉಪ್ಪು ಹಾಕಲೇಬೇಡಿ. ಮನೆಯಲ್ಲಿ ರಕ್ತದೊತ್ತಡ ಇರುವವರಿಗೆ ಇದು ಬೇಡ.

ಮೂರನೆಯದು ಅತ್ತೆಯವರೂ ಒಪ್ಪಬಹುದಾದ್ದು. ಪನೀರ್ ಒಲೆಯ ಮೇಲೆ ಎಷ್ಟು ಹೊತ್ತಿಟ್ಟರೂ ಕರಗುವುದಿಲ್ಲ, ನಿಮಗೆ ಗೊತ್ತು. ಹುಳಿ ಹಾಕಿ ಒಡೆದದ್ದರಿಂದ ಅದರ ಕ್ಯಾಲ್ಸಿಯಂ ಬಹುಪಾಲು ಹೊರಟುಹೋಗಿ ಬಲೆಯ ಸ್ವಭಾವವೇ ಬದಲಾಗಿದೆ. ಆದರೆ ಅದೇ ಇಲ್ಲಿ ಲಾಭ, ಒಮ್ಮೆ ಒಡೆದದ್ದು ಮತ್ತೆ ಏನು ಒಡೆಯುತ್ತದೆ? 150 ಗ್ರಾಂ ಪನೀರ್, ಅರ್ಧ ಲೋಟ ಬಿಸಿ ಹಾಲು ಮಿಕ್ಸಿಯಲ್ಲಿ ನುಣ್ಣಗೆ ರುಬ್ಬಿ, ಸೊಪ್ಪು ಸೇರಿಸಿ ಸಣ್ಣ ಉರಿಯಲ್ಲಿ ಬಿಸಿಮಾಡಿ, ಮೇಲೆ ಒಂದು ಕ್ಯೂಬ್ ಚೀಸ್ ತುರಿಯಿರಿ. ಇದರಲ್ಲಿ ಗೋಣಿ ಸೊಪ್ಪು ಇದ್ದರೂ ನಡೆಯುತ್ತದೆ, ಹುಳಿ ರುಚಿಯೇ ಆಗುತ್ತದೆ. ಎಳೆ ಎಳೆಯಾಗಿ ಜಗ್ಗುವ ಚೀಸ್ ಬೇಕು ಅನ್ನುವವರಿಗೆ ಮಾತ್ರ ನಿರಾಸೆ. ಅಂಥವರಿಗೆ ಕೊನೆಯಲ್ಲಿ ಸ್ವಲ್ಪ ಮೊಝರೆಲ್ಲಾ ಹಾಕಿ, ಅದನ್ನೇ ಪೂರ್ತಿ ಹಾಕಿದರೆ ಚೂಯಿಂಗ್ ಗಮ್ಮು.

ಜೊತೆಗೆ ಚಿಪ್ಸ್ ಯಾಕೆ? ಅಯ್ಯಂಗಾರ್ ಬೇಕರಿಯ ರಸ್ಕ್, ತೆಳ್ಳಗೆ ಗರಿಗರಿಯಾಗಿ ತಟ್ಟಿದ ಅಕ್ಕಿ ರೊಟ್ಟಿ, ನಿಪ್ಪಟ್ಟು, ಇವೆಲ್ಲ ಇದಕ್ಕೆ ಚೆನ್ನಾಗಿ ಒಗ್ಗುತ್ತವೆ. ನಿಪ್ಪಟ್ಟಿನಲ್ಲಿ ಉಪ್ಪಿದೆ, ನೆನಪಿರಲಿ.

ಬಡಿಸುವಾಗ ಒಂದು ಎಚ್ಚರ. ಡಿಪ್ ಬಿಸಿಯಾಗಿರಲಿ ಅಂತ ಕೆಳಗೆ ಪುಟ್ಟ ಮೇಣದ ದೀಪ ಇಟ್ಟು ಸಂಜೆಯೆಲ್ಲ ಮೇಜಿನ ಮೇಲೆ ಬಿಡುತ್ತಾರೆ. ಆ ಉಗುರುಬೆಚ್ಚಗೆ ಇದೆಯಲ್ಲ, ಬ್ಯಾಕ್ಟೀರಿಯಾಗಳಿಗೆ ಅದಕ್ಕಿಂತ ಸುಖ ಬೇರೆ ಇಲ್ಲ. ಒಂದೋ 60 ಡಿಗ್ರಿ ಮೇಲೆ ಇರಬೇಕು, ಇಲ್ಲ ಫ್ರಿಜ್ಜಿನಲ್ಲಿ ಇರಬೇಕು. ಎರಡು ಗಂಟೆಗಿಂತ ಹೆಚ್ಚು ಹೊತ್ತು ಹೊರಗಿದ್ದದ್ದನ್ನು ಎತ್ತಿಡಬೇಡಿ. ಸಣ್ಣ ಸಣ್ಣ ಬಟ್ಟಲಲ್ಲಿ ತಂದಿಡುವುದು ಜಾಣತನ. ಸೊಪ್ಪನ್ನು ಎರಡನೇ ಸಲ ಬಿಸಿ ಮಾಡಿದರೆ ವಿಷ ಅನ್ನುವ ಮಾತೂ ಕೇಳಿರುತ್ತೀರಿ. ಸೊಪ್ಪಿನಲ್ಲಿ ಸಹಜವಾಗಿರುವ ನೈಟ್ರೇಟ್, ತೊಂದರೆ ಕೊಡುವ ನೈಟ್ರೈಟ್ ಆಗುವುದು ಬೆಂಕಿಯಿಂದಲ್ಲ, ಹೊರಗೆ ಬಿಟ್ಟಾಗ ಬೆಳೆಯುವ ಬ್ಯಾಕ್ಟೀರಿಯಾದಿಂದ. ಬೇಗ ತಣಿಸಿ ಫ್ರಿಜ್ಜಿಗೆ ಇಟ್ಟದ್ದನ್ನು ಮಾರನೇ ದಿನ, ಹೆಚ್ಚೆಂದರೆ ಅದರ ಮರುದಿನ ತಿನ್ನಬಹುದು. ನೇರ ಉರಿಯ ಮೇಲೆ ಇಡದೆ ಬಿಸಿನೀರಿನ ಪಾತ್ರೆಯೊಳಗೆ ಬಟ್ಟಲಿಟ್ಟು, ಎರಡು ಚಮಚ ಹಾಲು ಸೇರಿಸಿ, ಹಬೆ ಏಳುವವರೆಗೆ ತಿರುವುತ್ತಾ ಬಿಸಿ ಮಾಡಿ. ಒಂದು ವರ್ಷದೊಳಗಿನ ಮಗುವಿಗೆ ಮಾತ್ರ ಉಳಿದದ್ದು ಬೇಡ.

ಮಾವನವರ ಮಾತ್ರೆಯ ಹೆಸರು ನೀವು ಬರೆದಿಲ್ಲ. ಚೀಟಿ ತೆಗೆದು ನೋಡಿ. ವಾರ್ಫರಿನ್ ಅಥವಾ ಅಸಿಟ್ರೋಮ್ ಆಗಿದ್ದರೆ ಹಸಿರು ಸೊಪ್ಪಿನ ವಿಟಮಿನ್ ಕೆ ಅದರ ಕೆಲಸಕ್ಕೆ ಅಡ್ಡ ಬರುತ್ತದೆ. ಹಾಗಂತ ಸೊಪ್ಪು ಬಿಡುವುದು ಬೇಕಿಲ್ಲ. ವಾರಕ್ಕೆ ಎಷ್ಟು ತಿನ್ನುತ್ತಿದ್ದರೋ ಅಷ್ಟೇ ತಿನ್ನುತ್ತಿರಲಿ, ಒಂದೇ ದಿನ ಬಟ್ಟಲು ತುಂಬ ಬೇಡ. ಎಪಿಕ್ಸಾಬಾನ್, ರಿವರಾಕ್ಸಾಬಾನ್, ಡ್ಯಾಬಿಗಾಟ್ರಾನ್ ಆಗಿದ್ದರೆ ಈ ವಿಟಮಿನ್ನಿನ ಲೆಕ್ಕ ಬರುವುದಿಲ್ಲ. ಆಸ್ಪಿರಿನ್, ಕ್ಲೋಪಿಡೋಗ್ರೆಲ್ ಆದರೂ ಹಾಗೇ. ಚೀಟಿಯಲ್ಲಿ ಇವು ಯಾವುದೂ ಇಲ್ಲದೆ ಬೇರೆ ಹೆಸರಿದ್ದರೆ, ಅದನ್ನು ಔಷಧಿ ಅಂಗಡಿಯವರ ಬಳಿ ಕೇಳುವ ಬದಲು ಬರೆದುಕೊಟ್ಟ ವೈದ್ಯರಿಗೇ ಒಂದು ಫೋನ್ ಮಾಡಿ ಕೇಳಿ.